ಪಾಷಾಣಕ್ಕೆ ಇಟ್ಟ ಹೆಸರು

ಕನ್ನಡದಲ್ಲಿ ‘ಪಾಷಾಣ’ ಎಂಬ ಶಬ್ದಕ್ಕೆ ಎರಡು ಅರ್ಥಗಳಿವೆ. ಸಂಸ್ಕೃತದಿಂದ ಬಂದ ಮೂಲಾರ್ಥ ಕಲ್ಲು. ಬಳಕೆಯಲ್ಲಿ ನೆಲೆನಿಂತ ಅರ್ಥ ವಿಷ. ‘ಇಲಿ ಪಾಷಾಣ’ ಎಂದರೆ ಯಾರಿಗೂ ವಿವರಣೆ ಬೇಕಿಲ್ಲ. ಕಲ್ಲು ವಿಷವಾದದ್ದು ಕವಿಸಮಯದಿಂದಲ್ಲ. ಹಿಂದಿನ ವೈದ್ಯರಿಗೂ ಬಣ್ಣಗಾರರಿಗೂ ಚೆನ್ನಾಗಿ ತಿಳಿದಿದ್ದ ಹಳದಿಯ ಹರಿತಾಳ, ಕೆಂಪಿನ ಮನಶ್ಶಿಲೆ, ಬಿಳಿಯ ಗೌರೀಪಾಷಾಣ ಇವೆಲ್ಲ ನಿಜಕ್ಕೂ ನಂಜಿನ ಕಲ್ಲುಗಳೇ. ಮೂರರಲ್ಲಿಯೂ ಅಡಗಿರುವ ಮೂಲಧಾತು ಒಂದೇ: ಆರ್ಸೆನಿಕ್.

ಈ ಮೂರೂ ಆರ್ಸೆನಿಕ್ ಧಾತುವು ಗಂಧಕದೊಡನೆಯೋ ಆಮ್ಲಜನಕದೊಡನೆಯೋ ನೇರವಾಗಿ ಕೂಡಿದ ಸರಳ ಸಂಯುಕ್ತಗಳು. ಆರ್ಸೆನಿಕ್‌ಗೆ ಇನ್ನೊಂದು ಬಗೆಯ ಬಾಳೂ ಉಂಟು. ಅದರ ಒಂದು ಪರಮಾಣು ತನ್ನ ಸುತ್ತ ನಾಲ್ಕು ಆಮ್ಲಜನಕ ಪರಮಾಣುಗಳನ್ನು ನಿಲ್ಲಿಸಿಕೊಂಡು ಬಿಗಿಯಾದ ಒಂದು ಗುಂಪಾಗುತ್ತದೆ. ಆ ಗುಂಪು ಕ್ಯಾಲ್ಸಿಯಂ, ಕಬ್ಬಿಣ, ತಾಮ್ರ ಮೊದಲಾದ ಲೋಹಗಳೊಡನೆ ಸೇರಿ ಖನಿಜವಾಗುತ್ತದೆ. ಇವು ಆರ್ಸೆನೇಟ್ ಖನಿಜಗಳು. ಇವುಗಳಲ್ಲಿ ಹಲವು ಲೋಕದ ಒಂದೆರಡು ಗಣಿಗಳಲ್ಲಿ ಮಾತ್ರ, ಅಲ್ಲಿಯೂ ಹಿಡಿಯಷ್ಟು ಮಾತ್ರ ದೊರೆತಂಥವು.

ನಾವು ಇಲ್ಲಿ ಹೇಳಹೊರಟಿರುವುದು ಅಂಥ ಒಂದು ಖನಿಜದ ಚರಿತ್ರೆಯನ್ನು. ಅದು ಇಂದಿನ ಮಧ್ಯಪ್ರದೇಶದ ಛಿಂದ್ವಾಡಾ ಜಿಲ್ಲೆಯ ಸೀತಾಪಾರದ ಮ್ಯಾಂಗನೀಸ್ ಗಣಿಯಲ್ಲಿ ದೊರೆಯಿತು. 1910ರಲ್ಲಿ ಅದಕ್ಕೆ ‘ಫರ್ಮೊರೈಟ್’ ಎಂದು ನಾಮಕರಣವಾಯಿತು. ಸರಿಯಾಗಿ ನೂರು ವರ್ಷಗಳ ಮೇಲೆ, 2010ರಲ್ಲಿ, ಆ ಹೆಸರನ್ನು ಖನಿಜಗಳ ಅಧಿಕೃತ ಪಟ್ಟಿಯಿಂದ ತೆಗೆಯಲಾಯಿತು. ಈ ನಡುವೆ ಕಲ್ಲಿನಲ್ಲಿ ಯಾವ ಬದಲಾವಣೆಯೂ ಆಗಲಿಲ್ಲ. ಬದಲಾದದ್ದೇನು ಎಂಬುದೇ ಈ ಲೇಖನದ ಪ್ರಶ್ನೆ.

ಉಕ್ಕಿನ ಹಸಿವು, ಕಲ್ಲಿನ ಪಟ್ಟಿ

ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ ಭಾರತದಲ್ಲಿ ಮ್ಯಾಂಗನೀಸ್ ಅದಿರಿಗಾಗಿ ಒಂದು ಧಾವಂತವೇ ನಡೆಯಿತು. ಉಕ್ಕು ತಯಾರಿಸುವಾಗ ಕರಗಿದ ಕಬ್ಬಿಣದಲ್ಲಿ ಉಳಿಯುವ ಆಮ್ಲಜನಕವನ್ನೂ ಗಂಧಕವನ್ನೂ ಹೀರಿ ತೆಗೆಯಲು ಮ್ಯಾಂಗನೀಸ್ ಅನಿವಾರ್ಯ. ಯೂರೋಪಿನ ಉಕ್ಕಿನ ಕಾರ್ಖಾನೆಗಳಿಗೆ ಅದಿರನ್ನು ಬಹುವಾಗಿ ಒದಗಿಸುತ್ತಿದ್ದುದು ಆಗ ರಷ್ಯಾ ಸಾಮ್ರಾಜ್ಯದ ಭಾಗವಾಗಿದ್ದ ಜಾರ್ಜಿಯಾದ ಗಣಿಗಳು. 1904–05ರ ರಷ್ಯಾ-ಜಪಾನ್ ಯುದ್ಧ ಮತ್ತು ಅದರ ಬೆನ್ನಿಗೇ ಕಾಕಸಸ್ ಸೀಮೆಯಲ್ಲಿ ಎದ್ದ ದಂಗೆಗಳಿಂದ ಆ ಸರಬರಾಜು ಕುಸಿಯಿತು, ಬೆಲೆ ಏರಿತು, ಭಾರತದ ಅದಿರಿಗೆ ಬಾಗಿಲು ತೆರೆಯಿತು. 1890ರ ದಶಕದಲ್ಲಿ ವಿಜಯನಗರಂ ಸೀಮೆಯಲ್ಲಿ ಮೊದಲಾಗಿದ್ದ ಮ್ಯಾಂಗನೀಸ್ ಗಣಿಗಾರಿಕೆ ನಾಗಪುರ, ಭಂಡಾರಾ, ಬಾಲಾಘಾಟ್, ಛಿಂದ್ವಾಡಾಗಳಿಗೆ ಹಬ್ಬಿತು; ನಮ್ಮ ಶಿವಮೊಗ್ಗ, ಚಿತ್ರದುರ್ಗ, ಸಂಡೂರುಗಳಿಗೂ ಬಂತು.

ಈ ಗಣಿಗಳನ್ನೆಲ್ಲ ಒಂದೊಂದಾಗಿ ನೋಡಿ, ಅಳೆದು, ಬರೆದಿಟ್ಟವನು ಲೂಯಿಸ್ ಲೀ ಫರ್ಮರ್. ಲಂಡನ್ನಿನಲ್ಲಿ 1880ರಲ್ಲಿ ಹುಟ್ಟಿದ ಈತ 1902ರಲ್ಲಿ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಇಲಾಖೆಯನ್ನು ಸೇರಿದ. 1909ರಲ್ಲಿ ಇಲಾಖೆಯ ಸ್ಮರಣಸಂಪುಟಗಳ ಮಾಲೆಯಲ್ಲಿ ಅವನ ‘ಭಾರತದ ಮ್ಯಾಂಗನೀಸ್ ಅದಿರಿನ ನಿಕ್ಷೇಪಗಳು’ ಎಂಬ ಗ್ರಂಥ ಹೊರಬಂತು. ಸಾವಿರ ಪುಟಗಳನ್ನು ಮೀರಿದ ಗ್ರಂಥವದು. ಸಂಡೂರಿನ ಬೆಟ್ಟಗಳೂ ಮೈಸೂರು ಸಂಸ್ಥಾನದ ನಿಕ್ಷೇಪಗಳೂ ಅದರಲ್ಲಿ ವಿವರವಾಗಿ ಬರುತ್ತವೆ. ಬಳ್ಳಾರಿಯ ಗಣಿಗಳ ಸುದ್ದಿಯನ್ನು ಪತ್ರಿಕೆಗಳಲ್ಲಿ ಮಾತ್ರ ಓದಿ ಬಲ್ಲ ನಮ್ಮ ಕಾಲದವರು ಆ ನೆಲದ ಹಳೆಯ ವಿವರಗಳಿಗಾಗಿ ಇಂದಿಗೂ ಅಲ್ಲಿಗೆ ಮರಳಬಹುದು.

ಅದಿರಿನ ಲೆಕ್ಕ ಸರ್ಕಾರಕ್ಕೂ ಕಂಪನಿಗಳಿಗೂ ಬೇಕಾಗಿತ್ತು. ಫರ್ಮರನ ಮನಸ್ಸು ಅದಿರಿನೊಳಗಿನ ಅಪರಿಚಿತ ಕಲ್ಲುಗಳ ಕಡೆಗೂ ಹರಿಯುತ್ತಿತ್ತು. ಅವನು ಒಂದರ ಹಿಂದೊಂದರಂತೆ ಹೊಸ ಖನಿಜಗಳನ್ನು ಹೆಸರಿಸಿದ. ಝಾಬುವಾದ ಕಾಜ್ಲಿಡೋಂಗ್ರಿ ಗಣಿಯ ಕಪ್ಪು ಖನಿಜವೊಂದಕ್ಕೆ ಇಲಾಖೆಯ ನಿರ್ದೇಶಕ ಥಾಮಸ್ ಹಾಲೆಂಡನ ನೆನಪಿಗೆ ಹಾಲೆಂಡೈಟ್. ಅದೇ ಗಣಿಯ ನೀಲಿ ಛಾಯೆಯ ಆಂಫಿಬೋಲ್ ಒಂದಕ್ಕೆ ಅದನ್ನು ಕಂಡು ತೋರಿಸಿದ ಹವರ್ಡ್ ವಿಂಚನ ಹೆಸರಿನಲ್ಲಿ ವಿಂಚೈಟ್. ಸಹೋದ್ಯೋಗಿ ಅರ್ನೆಸ್ಟ್ ವ್ರೆಡೆನ್‌ಬರ್ಗನಿಗಾಗಿ ವ್ರೆಡೆನ್‌ಬರ್ಗೈಟ್. ಗುರುವಾಗಿದ್ದ ಜಾನ್ ಜಡ್‌ಗೆ ಜಡ್ಡೈಟ್. ಇಲಾಖೆಯ ಹಿರಿಯರಲ್ಲಿ ಒಬ್ಬನಾಗಿದ್ದ ಬ್ಲಾನ್‌ಫರ್ಡ್‌ಗೆ ಬ್ಲಾನ್‌ಫರ್ಡೈಟ್. ಸೀತಾಪಾರ ಊರಿನ ಹೆಸರಿನಲ್ಲೇ ಸೀತಾಪಾರೈಟ್. ಹೀಗೆ ಹೆಸರುಗಳನ್ನು ಹಂಚುತ್ತ ಹೋದವನು ತನ್ನ ಹೆಸರನ್ನು ತಾನೇ ಇಟ್ಟುಕೊಳ್ಳುವಂತಿರಲಿಲ್ಲ. ಖನಿಜವಿಜ್ಞಾನದಲ್ಲಿ ಅದು ಸಭ್ಯತೆಯಲ್ಲ. ಆ ಕೆಲಸವನ್ನು ಬೇರೆಯವರು ಮಾಡಿದರು.

ಲಂಡನ್ನಿಗೆ ಹೋದ ಕಲ್ಲು

ಸೀತಾಪಾರದ ಅದಿರಿನ ನಡುವೆ ತೆಳುವಾದ ಸಿರೆಗಳಲ್ಲಿ ಹರಳುಹರಳಾದ, ನಸುಗುಲಾಬಿಯಿಂದ ಬಿಳಿಯವರೆಗಿನ ಬಣ್ಣದ ಒಂದು ವಸ್ತು ದೊರೆತಿತ್ತು. ಕಾಜ್ಲಿಡೋಂಗ್ರಿಯಿಂದ ಹಸಿರು ಛಾಯೆಯ ಇನ್ನೊಂದು ಬಂದಿತ್ತು. ಎರಡೂ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನ ಪ್ರಕೃತಿವಿಜ್ಞಾನ ವಿಭಾಗಕ್ಕೆ ಹೋದವು. ಅಲ್ಲಿ ಜಿ. ಟಿ. ಪ್ರಯರ್ ರಾಸಾಯನಿಕ ವಿಶ್ಲೇಷಣೆಯಲ್ಲಿ ಪಳಗಿದವನು, ಜಿ. ಎಫ್. ಹರ್ಬರ್ಟ್ ಸ್ಮಿತ್ ಸ್ಫಟಿಕಗಳ ಕೋನಗಳನ್ನು ಅಳೆಯುವುದರಲ್ಲಿ ನಿಷ್ಣಾತ. ಅಳೆಯುವ ಉಪಕರಣಗಳನ್ನು ತಾನೇ ರೂಪಿಸಿದ್ದವನು ಈ ಸ್ಮಿತ್. ಇಬ್ಬರೂ ಕೂಡಿ ಬರೆದ ಪ್ರಬಂಧ 1911ರಲ್ಲಿ ‘ಮಿನರಲಾಜಿಕಲ್ ಮ್ಯಾಗಝೀನ್’ ಪತ್ರಿಕೆಯಲ್ಲಿ ಬಂತು.

ಹಸಿರು ಕಲ್ಲಿನ ಗುರುತು ಬೇಗ ಸಿಕ್ಕಿತು. ಅದು ಟಿಲಾಸೈಟ್, ಕ್ಯಾಲ್ಸಿಯಂ, ಮೆಗ್ನೀಸಿಯಂ ಮತ್ತು ಫ್ಲೂರಿನ್‌ಗಳನ್ನುಳ್ಳ ಆರ್ಸೆನೇಟ್. ಸ್ವೀಡನ್ನಿನ ಲಾಂಗ್‌ಬಾನ್ ಗಣಿಯಲ್ಲಿ ದೊರೆತ ಅದನ್ನು ಯಾಲ್ಮಾರ್ ಶೋಗ್ರೆನ್ 1895ರಲ್ಲಿ ವರ್ಣಿಸಿದ್ದ. ಲಾಂಗ್‌ಬಾನಿನ ಮಾದರಿ ರೂಪವಿಲ್ಲದ ಮುದ್ದೆ. ಕಾಜ್ಲಿಡೋಂಗ್ರಿಯದು ಅಳೆಯಬಹುದಾದ ಮುಖಗಳುಳ್ಳ ಸ್ಫಟಿಕ. ಸ್ವೀಡನ್ನಿನ ಖನಿಜದ ನಿಜವಾದ ಆಕಾರ ಹೀಗೆ ಮಧ್ಯಭಾರತದ ಕಲ್ಲಿನಿಂದ ತಿಳಿಯಿತು.

ಸೀತಾಪಾರದ ಬಿಳಿಗಲ್ಲು ಮಾತ್ರ ಯಾವ ಹಳೆಯ ಹೆಸರಿಗೂ ಒಗ್ಗಲಿಲ್ಲ. ಅದರಲ್ಲಿ ಕ್ಯಾಲ್ಸಿಯಂ ಜೊತೆಗೆ ಸ್ಟ್ರಾನ್ಷಿಯಂ ಇತ್ತು. ರಂಜಕದ ಜೊತೆಗೆ ಆರ್ಸೆನಿಕ್ ಇತ್ತು. ಅಲ್ಪವಾಗಿ ಫ್ಲೂರಿನ್ ಇತ್ತು. ಗಡಸುತನ ಮೋಸ್ ಮಾನದಲ್ಲಿ 5, ಅಂದರೆ ಒಳ್ಳೆಯ ಚಾಕುವಿನಿಂದ ಕಷ್ಟಪಟ್ಟು ಗೀರಬಹುದು. ಸಾಪೇಕ್ಷ ಸಾಂದ್ರತೆ ಸುಮಾರು 3.5. ಒಡೆದಲ್ಲಿ ಸಮತಲವಿಲ್ಲ; ಹೊಳಪು ಗಾಜಿನಂತೆ, ಕೆಲವೆಡೆ ಜಿಡ್ಡು ಸವರಿದಂತೆ. ಕಣ್ಣಿಗೆ ಬೆರಗು ಹುಟ್ಟಿಸುವ ಯಾವ ಲಕ್ಷಣವೂ ಅದಕ್ಕಿರಲಿಲ್ಲ. ಪ್ರಯರ್ ಮತ್ತು ಸ್ಮಿತ್ ಅದನ್ನು ಅಪಟೈಟ್ ಕುಟುಂಬದ ಹೊಸ ಸದಸ್ಯನೆಂದು ಗುರುತಿಸಿ ಫರ್ಮರನ ಹೆಸರಿನಲ್ಲಿ ಫರ್ಮೊರೈಟ್ ಎಂದು ಕರೆದರು.

ಹಲ್ಲಿನ ದಾಯಾದಿ

ಅಪಟೈಟ್ ಕುಟುಂಬ ನಮಗೆ ದೂರದ್ದಲ್ಲ. ನಮ್ಮ ಎಲುಬು ಹಲ್ಲುಗಳ ಗಟ್ಟಿತನ ಅದೇ ಕುಲದ್ದು. ಐದು ಕ್ಯಾಲ್ಸಿಯಂ, ಮೂರು ಫಾಸ್ಫೇಟ್ ಗುಂಪು, ಒಂದು ಹೈಡ್ರಾಕ್ಸಿಲ್ ಎಂಬುದು ಆ ಕುಲದ ಸೂತ್ರ. ಫರ್ಮೊರೈಟಿನ ಸೂತ್ರವೂ ಇದೇ. ಫಾಸ್ಫೇಟ್ ಇರುವ ಕಡೆ ಬಹುಪಾಲು ಆರ್ಸೆನೇಟ್ ಬಂದು ಕುಳಿತಿದೆ, ಕೆಲವು ಕ್ಯಾಲ್ಸಿಯಂಗಳ ಜಾಗದಲ್ಲಿ ಸ್ಟ್ರಾನ್ಷಿಯಂ ಇದೆ. ಮನೆಯ ಕಟ್ಟಡ ಹಾಗೆಯೇ ಉಳಿದು ಒಕ್ಕಲು ಬದಲಾದಂತೆ. ತೂಕದ ರಹಸ್ಯವೂ ಇಲ್ಲಿಯೇ ಇದೆ. ರಂಜಕದ ಪರಮಾಣು ತೂಕ 31, ಆರ್ಸೆನಿಕ್‌ನದು 75. ಕ್ಯಾಲ್ಸಿಯಂದು 40, ಸ್ಟ್ರಾನ್ಷಿಯಂದು 88. ಸಾಮಾನ್ಯ ಅಪಟೈಟ್ 3.2ರ ಆಸುಪಾಸಿನಲ್ಲಿದ್ದರೆ ಫರ್ಮೊರೈಟ್ 3.5ಕ್ಕೆ ಏರಿದ್ದು ಈ ಹೊಸ ಒಕ್ಕಲಿನ ಭಾರದಿಂದ.

ಆರ್ಸೆನೇಟ್ ಫಾಸ್ಫೇಟಿನ ಜಾಗಕ್ಕೆ ಅಷ್ಟು ಸಲೀಸಾಗಿ ಹೊಕ್ಕುವುದಕ್ಕೆ ಕಾರಣವುಂಟು. ಆವರ್ತಕ ಕೋಷ್ಟಕದಲ್ಲಿ ಆರ್ಸೆನಿಕ್ ರಂಜಕದ ನೇರ ಕೆಳಗಿದೆ, ಎರಡೂ ನಾಲ್ಕು ಆಮ್ಲಜನಕಗಳೊಡನೆ ಒಂದೇ ಬಗೆಯ ಚತುರ್ಮುಖಿ ಆಕಾರವನ್ನು ಕಟ್ಟುತ್ತವೆ, ವಿದ್ಯುದಾವೇಶವೂ ಒಂದೇ. ಸ್ಫಟಿಕಕ್ಕೆ ಇವೆರಡರ ನಡುವಿನ ವ್ಯತ್ಯಾಸ ಅಲ್ಪವಾಗಿ ಮಾತ್ರ ತಿಳಿಯುತ್ತದೆ. ಜೀವಕೋಶಕ್ಕಂತೂ ಆರಂಭದಲ್ಲಿ ತಿಳಿಯುವುದೇ ಇಲ್ಲ. ದೇಹದ ಶಕ್ತಿವ್ಯವಹಾರವೆಲ್ಲ ಫಾಸ್ಫೇಟ್ ಗುಂಪುಗಳ ಕೊಡುಕೊಳ್ಳುವಿಕೆಯಿಂದ ನಡೆಯುತ್ತದೆ. ಅಲ್ಲಿಗೆ ಆರ್ಸೆನೇಟ್ ವೇಷ ಮರೆಸಿಕೊಂಡು ನುಗ್ಗಿದರೆ ಕಟ್ಟಿದ ಸಂಯುಕ್ತ ಕ್ಷಣದಲ್ಲಿ ಒಡೆದುಹೋಗುತ್ತದೆ. ನಾಣ್ಯದ ನಡುವೆ ಖೋಟಾ ನಾಣ್ಯ ಬಂದ ಹಾಗೆ. ಕಲ್ಲಿನಲ್ಲಿ ಅಪರೂಪದ ಖನಿಜವನ್ನು ಕಟ್ಟುವ ಹೋಲಿಕೆಯೇ ಮೈಯಲ್ಲಿ ವಿಷದ ಕೆಲಸವನ್ನು ಮಾಡುತ್ತದೆ. ‘ಪಾಷಾಣ’ದ ಎರಡು ಅರ್ಥಗಳು ಕೂಡುವ ಬಿಂದು ಇದು.

ಕಲ್ಲಿನೊಳಗೆ ಬಿಗಿಯಾಗಿ ಕುಳಿತ ಆರ್ಸೆನಿಕ್‌ಗೂ ನೀರಿನಲ್ಲಿ ಕರಗಿ ಹರಿಯುವ ಆರ್ಸೆನಿಕ್‌ಗೂ ಅಂತರ ಬಹಳ. ಯಾದಗಿರಿ ಜಿಲ್ಲೆಯ ಸುರಪುರ ಸೀಮೆಯ ಕಿರದಳ್ಳಿ ತಾಂಡಾದ ಜನಕ್ಕೆ ಆ ಅಂತರದ ಬೆಲೆ ಗೊತ್ತು. ಹಳೆಯ ಚಿನ್ನದ ಗಣಿಗಾರಿಕೆಯ ಆ ಪ್ರದೇಶದಲ್ಲಿ ಚಿನ್ನದ ಜೊತೆಗೇ ಇರುವ ಆರ್ಸೆನಿಕ್‌ಯುಕ್ತ ಅದಿರು ಗಾಳಿ ನೀರುಗಳಿಗೆ ಸಿಕ್ಕಿ ಸವೆದು, ಅಂತರ್ಜಲದಲ್ಲಿ ಆರ್ಸೆನಿಕ್ ಮಿತಿಮೀರಿದ್ದನ್ನೂ ಜನರ ಚರ್ಮದ ಮೇಲೆ ಅದರ ಗುರುತುಗಳು ಮೂಡಿದ್ದನ್ನೂ ಸಂಶೋಧಕರು ದಾಖಲಿಸಿದ್ದಾರೆ. ವಿಶ್ವ ಆರೋಗ್ಯ ಸಂಸ್ಥೆ ಕುಡಿಯುವ ನೀರಿಗೆ ಸೂಚಿಸಿರುವ ಮಿತಿ ಲೀಟರಿಗೆ 10 ಮೈಕ್ರೊಗ್ರಾಂ. ಸಂಗ್ರಹಾಲಯದ ಗಾಜಿನ ಪೆಟ್ಟಿಗೆಯೊಳಗಿನ ಫರ್ಮೊರೈಟ್ ಯಾರಿಗೂ ಕೇಡು ಮಾಡದು. ವಿಷವನ್ನು ಸೆರೆಯಲ್ಲಿಡುವ ಬಲ ಇರುವ ಖನಿಜಗಳು ಯಾವುವು, ಯಾವ ಸ್ಥಿತಿಯಲ್ಲಿ ಸೆರೆ ಸಡಿಲುತ್ತದೆ ಎಂಬುದನ್ನು ತಿಳಿಯುವುದಕ್ಕೆ ಆರ್ಸೆನೇಟ್ ಖನಿಜಗಳ ಅಧ್ಯಯನ ಬೇಕೇಬೇಕು. ಅಪರೂಪದ ಕಲ್ಲಿನ ಮೇಲಿನ ಆಸಕ್ತಿ ಹವ್ಯಾಸಿಗಳ ವಿಲಾಸವಷ್ಟೇ ಅಲ್ಲ.

ಮ್ಯಾಂಗನೀಸಿನ ನೆರಳಿನಲ್ಲಿ

ಸ್ವೀಡನ್ನಿನ ಲಾಂಗ್‌ಬಾನ್, ಝಾಬುವಾದ ಕಾಜ್ಲಿಡೋಂಗ್ರಿ, ಛಿಂದ್ವಾಡಾದ ಸೀತಾಪಾರ ಇವು ಮೂರೂ ಮ್ಯಾಂಗನೀಸ್ ದೊರೆಯುವ ಜಾಗಗಳು ಎಂಬುದು ಆಕಸ್ಮಿಕವಲ್ಲ. ಮ್ಯಾಂಗನೀಸ್ ಮತ್ತು ಕಬ್ಬಿಣದ ಆಕ್ಸೈಡುಗಳು ನೀರಿನ ತಳದಲ್ಲಿ ಮಡ್ಡಿಯಾಗಿ ಇಳಿಯುವಾಗ ನೀರಿನಲ್ಲಿರುವ ಆರ್ಸೆನಿಕ್, ಬೇರಿಯಂ ಮೊದಲಾದವನ್ನು ತಮ್ಮ ಮೈಗೆ ಅಂಟಿಸಿಕೊಳ್ಳುತ್ತವೆ. ಮುಂದೆ ಆ ಮಡ್ಡಿ ಆಳಕ್ಕೆ ಹೂತು, ಭೂಗರ್ಭದ ಕಾವು ಒತ್ತಡಗಳಲ್ಲಿ ಬೆಂದು ರೂಪಾಂತರಗೊಳ್ಳುವಾಗ, ಮ್ಯಾಂಗನೀಸ್ ತನ್ನ ಹೊಸ ಸ್ಫಟಿಕಗಳನ್ನು ಕಟ್ಟಿಕೊಳ್ಳುತ್ತದೆ. ಅಲ್ಲಿ ಜಾಗ ಸಿಗದ ಆರ್ಸೆನಿಕ್ ಹೊರಬೀಳುತ್ತದೆ. ಸುತ್ತಮುತ್ತ ಆಮ್ಲಜನಕ ಸಮೃದ್ಧವಾಗಿರುವುದರಿಂದ ಅದು ಆರ್ಸೆನೇಟ್ ಆಗಿಯೇ ಉಳಿದು, ಬಿರುಕುಗಳಲ್ಲಿ ಕ್ಯಾಲ್ಸಿಯಂ ಸಿಕ್ಕಲ್ಲಿ ಅದರೊಡನೆ ನೆಲೆಸುತ್ತದೆ. ಸೀತಾಪಾರದ ತೆಳು ಸಿರೆಗಳು ಇಂಥ ನೆಲೆಗಳು.

ಅಪರೂಪಕ್ಕೆ ಕಾರಣವೂ ಇದರಲ್ಲಿಯೇ ಇದೆ. ಆರ್ಸೆನಿಕ್ ಭೂಮಿಯಲ್ಲಿ ವಿರಳ. ಗಂಧಕ ಎಲ್ಲಿದ್ದರೂ ಅದು ಗಂಧಕದ ಪಕ್ಷವನ್ನೇ ಸೇರುತ್ತದೆ. ರಂಜಕವಾದರೋ ಸರ್ವತ್ರ ಇದೆ. ಅಪಟೈಟ್ ಮನೆಯ ಜಾಗಗಳನ್ನು ಅದೇ ಮೊದಲು ತುಂಬಿಬಿಡುತ್ತದೆ. ಗಂಧಕವಿಲ್ಲದೆ, ಆಮ್ಲಜನಕ ತುಂಬಿ, ಆರ್ಸೆನಿಕ್ ಒಟ್ಟುಗೂಡಿ, ಕ್ಯಾಲ್ಸಿಯಂ ಕೈಗೆಟುಕಿದ ಬಿರುಕು ಬೇಕು. ಜೊತೆಗೆ ಸ್ಟ್ರಾನ್ಷಿಯಂ ಕೂಡ ಇರಬೇಕೆಂದರೆ ಅಂಥ ಜಾಗಗಳು ಮತ್ತೂ ಕಡಿಮೆ.

ನಾಗಪುರದಿಂದ ಛಿಂದ್ವಾಡಾಕ್ಕೆ ಹೋಗುವ ಹೆದ್ದಾರಿಯಲ್ಲಿ ಸೌಸರ್ ಎಂಬ ಪಟ್ಟಣ ಸಿಗುತ್ತದೆ. ಈ ಸೀಮೆಯ ಮ್ಯಾಂಗನೀಸ್ ಶಿಲೆಗಳ ಸಮೂಹಕ್ಕೆ ಭೂವಿಜ್ಞಾನಿಗಳು ಇಟ್ಟಿರುವುದು ಅದೇ ಊರಿನ ಹೆಸರು. ಕಿತ್ತಳೆ ಹಣ್ಣಿನ ಲಾರಿಗಳು ಓಡಾಡುವ ಆ ದಾರಿಯ ಆಚೀಚೆಗಿನ ನೆಲ ಪ್ರೊಟೆರೊಜೋಯಿಕ್ ಯುಗದ್ದು.

ಹೆಸರುಗಳ ಗತಿ

ಫರ್ಮರ್ ಇಟ್ಟ ಹೆಸರುಗಳು ಏನಾದವು? ಹಾಲೆಂಡೈಟ್ ಉಳಿಯಿತು; ಉಳಿದದ್ದಷ್ಟೇ ಅಲ್ಲ, ಈಗ ಒಂದು ದೊಡ್ಡ ಖನಿಜಸಮೂಹಕ್ಕೇ ಅದು ಮನೆತನದ ಹೆಸರು. ಅದರ ರಚನೆಯೊಳಗಿನ ಸುರಂಗಗಳಂಥ ತೆರವುಗಳಲ್ಲಿ ಸೀಸಿಯಂನಂಥ ವಿಕಿರಣಶೀಲ ಧಾತುಗಳನ್ನು ಬಂಧಿಸಿಡಬಹುದೆಂದು ಅಣುತ್ಯಾಜ್ಯದ ವಿಲೇವಾರಿಯ ಕುರಿತು ಚಿಂತಿಸುವವರು ಕೃತಕ ಹಾಲೆಂಡೈಟನ್ನು ಸಿದ್ಧಪಡಿಸಿದ್ದಾರೆ. ವಿಂಚೈಟ್ ಕೂಡ ಆಂಫಿಬೋಲ್‌ಗಳ ಪಟ್ಟಿಯಲ್ಲಿ ನಿಂತಿದೆ.

ಉಳಿದವುಗಳ ಕತೆ ಬೇರೆ. ವ್ರೆಡೆನ್‌ಬರ್ಗೈಟ್ ಒಂದು ಖನಿಜವೇ ಅಲ್ಲ, ಎರಡು ಖನಿಜಗಳು ಒಂದರೊಳಗೊಂದು ಹೆಣೆದುಕೊಂಡ ಮಿಶ್ರಣ ಎಂದು ಸೂಕ್ಷ್ಮದರ್ಶಕ ಹೇಳಿತು. ಬ್ಲಾನ್‌ಫರ್ಡೈಟ್, ಜಡ್ಡೈಟ್‌ಗಳು ಮೊದಲೇ ತಿಳಿದಿದ್ದ ಖನಿಜಗಳ ಮ್ಯಾಂಗನೀಸ್ ಬೆರೆತ ರೂಪಗಳೆಂದು ಪಟ್ಟಿಯಿಂದ ಹೊರಬಿದ್ದವು. ಸೀತಾಪಾರೈಟಿಗೆ ಇನ್ನೊಂದು ಬಗೆಯ ದುರ್ಗತಿ. ಅದು ನಿಜವಾದ ಖನಿಜವೇ ಆಗಿತ್ತು. ಆದರೆ ಅಮೆರಿಕದ ಯೂಟಾದಲ್ಲಿ ದೊರೆತ ಅದೇ ವಸ್ತುವಿಗೆ 1897ರಲ್ಲಿಯೇ ಬಿಕ್ಸ್‌ಬೈಟ್ ಎಂದು ಹೆಸರಾಗಿತ್ತು. ಮೊದಲು ಇಟ್ಟ ಹೆಸರಿಗೇ ಹಕ್ಕು ಎಂಬುದು ನಿಯಮ. ಸೀತಾಪಾರ ಊರು ಖನಿಜಕೋಶದಿಂದ ಹೀಗೆ ಮರೆಯಾಯಿತು. ಆಮೇಲೂ ಆ ಊರಿನ ಗಣಿಯ ಪಾಲಿಗೆ ಉಳಿದಿದ್ದದ್ದು ಫರ್ಮೊರೈಟಿನ ಮೂಲಸ್ಥಾನ ಎಂಬ ಹೆಗ್ಗಳಿಕೆ.

1991ರಲ್ಲಿ ಹ್ಯೂಸ್ ಮತ್ತು ಡ್ರೆಕ್ಸ್‌ಲರ್ ಎಂಬ ಅಮೆರಿಕದ ಇಬ್ಬರು ವಿಜ್ಞಾನಿಗಳು ಸೀತಾಪಾರದ ಮೂಲಮಾದರಿಯ ಫರ್ಮೊರೈಟನ್ನು ಎಕ್ಸ್-ಕಿರಣಗಳಿಗೆ ಒಡ್ಡಿ ಅದರ ಅಂತಾರಚನೆಯನ್ನು ಬಿಡಿಸಿದರು. ಅಪಟೈಟ್‌ಗಳು ಸಾಮಾನ್ಯವಾಗಿ ಆರುಮುಖದ ಸಮ್ಮಿತಿಯವು, ಜೇನುಗೂಡಿನ ಕಣದಂತೆ. ಇದು ಹೊರನೋಟಕ್ಕೆ ಹಾಗೆಯೇ ಕಂಡರೂ ಒಳಗಿನ ಪರಮಾಣುಗಳು ತುಸು ವಾಲಿದ್ದವು. ಆ ವಾಲಿಕೆಯಿಂದ ಸಮ್ಮಿತಿ ಇಳಿದು ಅದು ಮಾನೊಕ್ಲಿನಿಕ್ ವರ್ಗಕ್ಕೆ ಸೇರಿತು. ಅಪಟೈಟ್ ಎಂಬ ಹೆಸರಿನ ಹುಟ್ಟೇ ‘ವಂಚಿಸು’ ಎಂಬ ಗ್ರೀಕ್ ಧಾತುವಿನಿಂದ. ಬೇರೆ ಖನಿಜಗಳೆಂದು ಜನ ಅದನ್ನು ಮತ್ತೆ ಮತ್ತೆ ತಪ್ಪು ತಿಳಿಯುತ್ತಿದ್ದುದರಿಂದ ಬಂದದ್ದು. ಫರ್ಮೊರೈಟ್ ಕುಲದ ಹೆಸರಿಗೆ ತಕ್ಕಂತೆಯೇ ನಡೆದುಕೊಂಡಿತು.

ಈ ನಡುವೆ, 1980ರಲ್ಲಿ, ಅಮೆರಿಕದ ನ್ಯೂಜೆರ್ಸಿಯ ಫ್ರಾಂಕ್ಲಿನ್ ಗಣಿಯ ಒಂದು ಖನಿಜಕ್ಕೆ ಜಾನ್‌ಬೌಮೈಟ್ ಎಂಬ ಹೆಸರಾಗಿತ್ತು. ಅದು ಫಾಸ್ಫೇಟಿನ ಜಾಗದಲ್ಲಿ ಆರ್ಸೆನೇಟ್ ಕುಳಿತಿರುವ, ಆರುಮುಖದ ಸಮ್ಮಿತಿಯ ಅಪಟೈಟ್. ಜಾನ್ ಬೌಮ್ ಎಂಬ ಗಣಿತಜ್ಞ ಭೂವಿಜ್ಞಾನಿಯ ನೆನಪಿಗಲ್ಲ, ಅವರು ಬದುಕಿದ್ದಾಗಲೇ ಸಂದ ಗೌರವ ಅದು.

2010ರಲ್ಲಿ ಮಾರ್ಕೊ ಪಾಸೆರೊ ಮತ್ತು ಸಂಗಡಿಗರು ಅಂತಾರಾಷ್ಟ್ರೀಯ ಖನಿಜವಿಜ್ಞಾನ ಸಂಘದ ಅನುಮೋದನೆಯೊಡನೆ ಅಪಟೈಟ್ ಕುಲದ ಎಲ್ಲ ಹೆಸರುಗಳನ್ನೂ ಪರಿಷ್ಕರಿಸಿದರು. ಅವರು ಅನುಸರಿಸಿದ ತತ್ತ್ವ ಸರಳ. ಪ್ರತಿಯೊಂದು ಜಾಗದಲ್ಲಿ ಯಾವ ಧಾತು ಹೆಚ್ಚಿನ ಪಾಲಿನಲ್ಲಿದೆಯೋ ಅದರಿಂದಲೇ ಖನಿಜದ ಗುರುತು. ಫರ್ಮೊರೈಟಿನಲ್ಲಿ ಕ್ಯಾಲ್ಸಿಯಂ ಸ್ಟ್ರಾನ್ಷಿಯಂಗಿಂತ ಹೆಚ್ಚು. ಆರ್ಸೆನಿಕ್ ರಂಜಕಕ್ಕಿಂತ ಹೆಚ್ಚು. ಬೆರಕೆಯನ್ನು ಬದಿಗಿಟ್ಟು ಬಹುಮತವನ್ನು ಮಾತ್ರ ಎಣಿಸಿದರೆ ಉಳಿಯುವುದು ಜಾನ್‌ಬೌಮೈಟಿನದೇ ಸೂತ್ರ. ಸಮ್ಮಿತಿಯ ಸಣ್ಣ ಇಳಿಕೆಯೊಂದರಿಂದ ಬೇರೆ ಜಾತಿಯಾಗದು ಎಂಬುದು ಇನ್ನೊಂದು ತತ್ತ್ವ. ಹೀಗೆ ಫರ್ಮೊರೈಟ್ ‘ಜಾನ್‌ಬೌಮೈಟ್-ಎಂ’ ಆಯಿತು. ಕೊನೆಯ ‘ಎಂ’ ಅಕ್ಷರ ಮಾನೊಕ್ಲಿನಿಕ್ ಎಂಬುದರ ಗುರುತು. ಎಪ್ಪತ್ತು ವರ್ಷ ಹಿರಿಯನಾದ ಹೆಸರು ಕಿರಿಯ ಹೆಸರಿನ ಬಾಲವಾಗಿ ಉಳಿಯಿತು.

ಇದು ಫರ್ಮರನಿಗೆ ಆದ ಅನ್ಯಾಯವೆ? ಹಾಗೆಂದು ನಮಗೆ ತೋರುವುದಿಲ್ಲ. ಪ್ರಯರನ ವಿಶ್ಲೇಷಣೆ ಸುಳ್ಳಾಗಲಿಲ್ಲ. ಸ್ಟ್ರಾನ್ಷಿಯಂ, ರಂಜಕ, ಆರ್ಸೆನಿಕ್‌ಗಳ ಅಪರೂಪದ ಸಂಗಮ ಇಂದಿಗೂ ಅಲ್ಲಿದೆ. ಬದಲಾದದ್ದು, ಎಷ್ಟು ವ್ಯತ್ಯಾಸಕ್ಕೆ ಒಂದು ಹೆಸರು ಎಂಬ ಒಪ್ಪಂದ. 1910ರಲ್ಲಿ ಪ್ರತಿಯೊಂದು ಬೆರಕೆಯೂ ಹೊಸತನವಾಗಿತ್ತು, ಹೊಸತನಕ್ಕೆ ಹೆಸರು ಸಲ್ಲುತ್ತಿತ್ತು. 2010ರ ಹೊತ್ತಿಗೆ ಬೆರಕೆ ಪ್ರಕೃತಿಯ ಸಾಮಾನ್ಯ ನಡೆ ಎಂದು ತಿಳಿದು, ಹೆಸರಿನ ಜಾಗವನ್ನು ಗಡಿರೇಖೆಗಳು ಹಿಡಿದವು. ನಮಗೆ ಬೇಸರವೊಂದಿದ್ದರೆ ಅದು ಇಷ್ಟೇ: ಬಹುಮತದ ಲೆಕ್ಕದಲ್ಲಿ ಸ್ಟ್ರಾನ್ಷಿಯಂ ಕಾಣದಾಯಿತು. ಸೀತಾಪಾರದ ಕಲ್ಲನ್ನು ಫ್ರಾಂಕ್ಲಿನ್ನಿನ 1980ರ ಕಲ್ಲಿನಿಂದ ಬೇರೆಯಾಗಿ ನಿಲ್ಲಿಸುತ್ತಿದ್ದ ಗುಣವನ್ನು ಹೊಸ ಹೆಸರು ಹೇಳುವುದಿಲ್ಲ.

ಹೆಸರಿಟ್ಟವರು, ಹೆಸರಾದವರು

ಫರ್ಮೊರೈಟಿಗೆ ಹೆಸರಿಟ್ಟ ಇಬ್ಬರ ಹೆಸರಿನಲ್ಲಿಯೂ ಖನಿಜಗಳಿದ್ದವು. ಪ್ರಯರನಿಗಾಗಿ 1906ರಲ್ಲಿ ಹುಟ್ಟಿದ ಪ್ರಯರೈಟ್ ಮುಂದೆ ಈಶಿನೈಟ್ ಕುಟುಂಬದೊಳಗೆ ಕರಗಿ ಹೆಸರು ಕಳೆದುಕೊಂಡಿತು. ಸ್ಮಿತ್‌ಗೆ ಅದೃಷ್ಟ ಎರಡು ಬಾರಿ ಒಲಿಯಿತು. ಸ್ವಿಟ್ಜರ್ಲೆಂಡಿನ ಬಿನ್ ಕಣಿವೆಯ ಕೆಂಪು ಖನಿಜವೊಂದಕ್ಕೆ 1905ರಲ್ಲಿಯೇ ಸ್ಮಿಥೈಟ್ ಎಂದು ಹೆಸರಾಗಿತ್ತು; ಅದೂ ಆರ್ಸೆನಿಕ್ ಉಳ್ಳದ್ದೇ. 2004ರಲ್ಲಿ, ಅವನು ಸತ್ತು ಐವತ್ತು ವರ್ಷ ಕಳೆದ ಮೇಲೆ, ತಾಮ್ರ ಮತ್ತು ಸತುವಿನ ಹಸಿರು ಖನಿಜವೊಂದಕ್ಕೆ ಮತ್ತೆ ಅವನ ಹೆಸರನ್ನು ಇಡಬಯಸಿದರು. ಸ್ಮಿಥೈಟ್ ಆಗಲೇ ಇದ್ದುದರಿಂದ ಅದು ಹರ್ಬರ್ಟ್‌ಸ್ಮಿಥೈಟ್ ಆಯಿತು. ಅದರೊಳಗೆ ತಾಮ್ರದ ಪರಮಾಣುಗಳು ಜಪಾನಿನ ಬಿದಿರುಬುಟ್ಟಿಯ ಹೆಣಿಗೆಯಂತೆ ನಿಂತಿರುವುದರಿಂದ ವಿಚಿತ್ರವಾದ ಕಾಂತಗುಣಗಳುಂಟಾಗಿ, ಭೌತವಿಜ್ಞಾನಿಗಳು ಇಂದು ಆ ಹೆಸರನ್ನು ದಿನವೂ ಉಚ್ಚರಿಸುತ್ತಾರೆ. ಟಿಲಾಸೈಟ್ ಹೆಸರಿನ ಹಿಂದಿರುವ ಡೇನಿಯಲ್ ಟಿಲಾಸ್ ಹದಿನೆಂಟನೆಯ ಶತಮಾನದ ಸ್ವೀಡನ್ನಿನ ಗಣಿತಜ್ಞ. 1751ರ ಸ್ಟಾಕ್‌ಹೋಮ್ ಬೆಂಕಿಯಲ್ಲಿ ಅವನ ಸಂಗ್ರಹಗಳು ಸುಟ್ಟುಹೋದವು. ಕೂಡಿಸಿದ ಕಲ್ಲುಗಳು ಹೋದರೂ ಹೆಸರು ಕಲ್ಲಿನಲ್ಲಿ ಉಳಿಯಿತು.

ಫರ್ಮರನ ಕತೆ ಇದಕ್ಕೆ ತಿರುಗುಮುರುಗು. ಅವನು ಇಲಾಖೆಯ ನಿರ್ದೇಶಕನಾದ, ರಾಯಲ್ ಸೊಸೈಟಿಯ ಸದಸ್ಯನಾದ, 1935ರಲ್ಲಿ ನೈಟ್ ಪದವಿ ಪಡೆದ. ಇಂದಿನ ಭಾರತೀಯ ರಾಷ್ಟ್ರೀಯ ವಿಜ್ಞಾನ ಅಕಾಡೆಮಿಯ ಪೂರ್ವರೂಪವಾದ ಸಂಸ್ಥೆಗೆ ಮೊದಲ ಅಧ್ಯಕ್ಷ ಅವನೇ. 1954ರಲ್ಲಿ ತೀರಿಕೊಂಡ. ಸಾಹಿತ್ಯವನ್ನು ಓದುವ ನಮ್ಮಂಥವರಿಗೆ ಆ ಹೆಸರು ಪರಿಚಿತವಾಗಿರುವುದು ಮಗನಿಂದ. 1915ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ ಪ್ಯಾಟ್ರಿಕ್ ಲೀ ಫರ್ಮರ್ ಹದಿನೆಂಟರ ವಯಸ್ಸಿನಲ್ಲಿ ಹಾಲೆಂಡಿನ ಕಡಲತಡಿಯಿಂದ ಇಸ್ತಾಂಬುಲಿನವರೆಗೆ ನಡೆದುಹೋದವನು. ಆ ನಡಿಗೆಯನ್ನು ನಾಲ್ಕು ದಶಕಗಳ ಮೇಲೆ ‘ಎ ಟೈಮ್ ಆಫ್ ಗಿಫ್ಟ್ಸ್’ ಮೊದಲಾದ ಪುಸ್ತಕಗಳಲ್ಲಿ ಬರೆದವನು. ತಂದೆ ಕಲ್ಕತ್ತೆಯಲ್ಲಿ, ಮಗ ಇಂಗ್ಲೆಂಡಿನಲ್ಲಿ, ಒಡನಾಟ ಅತ್ಯಲ್ಪ. ಆ ಪುಸ್ತಕದಲ್ಲಿ ತಂದೆಯ ನೆನಪು ಬರುವಾಗ ಅವನ ಹೆಸರಿನ ಭಾರತೀಯ ಖನಿಜವೊಂದಿದೆ ಎಂಬ ಮಾತೂ ಬರುತ್ತದೆ. ದೂರದ ತಂದೆಯನ್ನು ಮಗ ಹಿಡಿದುಕೊಂಡದ್ದು ಇಂಥ ಕೆಲವು ಸಂಗತಿಗಳಿಂದ. ಪ್ಯಾಟ್ರಿಕ್ ತೀರಿಕೊಂಡದ್ದು 2011ರಲ್ಲಿ, ಖನಿಜದ ಪಟ್ಟಿಯಿಂದ ತಂದೆಯ ಹೆಸರು ಹೋದ ಮರುವರ್ಷ. ಪಟ್ಟಿಯಲ್ಲಿ ಅಳಿದ ಹೆಸರು ಆ ಪುಸ್ತಕ ಓದುವವರೆಲ್ಲರ ಮನಸ್ಸಿನಲ್ಲಿ ಈಗಲೂ ಖನಿಜವಾಗಿಯೇ ಇದೆ.

ಈ ಎಲ್ಲ ಹೆಸರುಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ಇನ್ನೊಂದು ಸಂಗತಿ ಕಣ್ಣಿಗೆ ಬೀಳುತ್ತದೆ. ಹಾಲೆಂಡ್, ವಿಂಚ್, ವ್ರೆಡೆನ್‌ಬರ್ಗ್, ಜಡ್, ಬ್ಲಾನ್‌ಫರ್ಡ್, ಫರ್ಮರ್. ಭಾರತದ ಕಲ್ಲುಗಳಿಗೆ ಹೆಸರಾದವರಲ್ಲಿ ಭಾರತದವರು ಯಾರೂ ಇಲ್ಲ. ಅದಿರನ್ನು ಸುತ್ತಿಗೆಯಿಂದ ಒಡೆದು, ಕೈಯಲ್ಲಿ ಆರಿಸಿ, ಬುಟ್ಟಿಯಲ್ಲಿ ಹೊತ್ತು ತಂದ ಗಣಿಯ ಹೆಂಗಸರು ಗಂಡಸರಿಗೆ ಅಂಥ ಯೋಗ ಇರಲಿಲ್ಲ. ಆದರೂ ಫರ್ಮರ್ ಒಂದು ಕಡೆ ಅವರತ್ತ ತಿರುಗಿದ್ದಾನೆ. ಮ್ಯಾಂಗನೀಸ್‌ಯುಕ್ತ ಗಾರ್ನೆಟ್ ಮತ್ತು ಬೆಣಚುಕಲ್ಲು ಸೇರಿದ, ಆ ಸೀಮೆಯ ಅದಿರುಗಳ ಒಡನಾಡಿಯಾದ ಶಿಲೆಗೆ ಅವನು ಗೊಂಡ ಬುಡಕಟ್ಟಿನ ಹೆಸರಿನಲ್ಲಿ ಗೊಂಡೈಟ್ ಎಂದು ಕರೆದ. ಅದು ಖನಿಜವಲ್ಲ, ಶಿಲೆ. ಹಾಗಾಗಿ ಖನಿಜಗಳ ಸಮಿತಿ ಅದನ್ನು ಮುಟ್ಟುವಂತಿಲ್ಲ. ಬ್ರೆಜಿಲ್ಲಿನ, ಆಫ್ರಿಕಾದ ಭೂವಿಜ್ಞಾನಿಗಳೂ ಅಂಥ ಶಿಲೆಯನ್ನು ಗೊಂಡೈಟ್ ಎಂದೇ ಕರೆಯುತ್ತಾರೆ. ದೊರೆಗಳ ಹೆಸರುಗಳಲ್ಲಿ ಹೆಚ್ಚಿನವು ಉದುರಿಹೋದವು. ನೆಲದ ಜನರ ಹೆಸರು ಖಂಡಾಂತರಗಳಿಗೆ ಹೋಯಿತು. ಇದನ್ನು ಯಾರೂ ಯೋಜಿಸಲಿಲ್ಲ. ಆದರೂ ನಮಗೆ ಇದರಲ್ಲೊಂದು ಸಮಾಧಾನವಿದೆ.

ಆರಂಭದ ಪ್ರಶ್ನೆಗೆ ಈಗ ಉತ್ತರ ಹೇಳಬಹುದು. ಕಲ್ಲಿನ ಗಡಸುತನ, ತೂಕ, ಬಣ್ಣ, ಪರಮಾಣುಗಳ ನಿಲುವು ಇವು ಕಲ್ಲಿಗೆ ಸೇರಿದವು. ಹೆಸರು ನಮಗೆ ಸೇರಿದ್ದು. ಆದ್ದರಿಂದಲೇ ಅದು ಬದಲಾಗುತ್ತದೆ. ಬದಲಾಯಿಸಲು ಸಾಧ್ಯವಾದದ್ದು ಮಾತ್ರ, 1910ರವರು ತಾವು ನೋಡಿದ ಕಲ್ಲನ್ನು ಎಸೆಯದೆ ಉಳಿಸಿಟ್ಟದ್ದರಿಂದ, ಅದು ಎಲ್ಲಿಂದ ಬಂತೆಂಬುದನ್ನು ಬರೆದಿಟ್ಟದ್ದರಿಂದ. ಎಂಬತ್ತು ವರ್ಷಗಳ ಮೇಲೆ ಇನ್ನೊಬ್ಬರು ಅದೇ ಕಲ್ಲನ್ನು ಕೈಗೆತ್ತಿಕೊಂಡು, ತಮಗಿಂತ ಹಿಂದಿನವರು ನೋಡಲಾಗದ್ದನ್ನು ನೋಡಿದರು. ಹೆಸರು ಹೋದದ್ದು ಮರೆವಿನಿಂದಲ್ಲ, ಮತ್ತೆ ಮಾಡಿದ ಆರೈಕೆಯಿಂದ. ಫರ್ಮೊರೈಟ್ ಎಂಬ ಮಾತು ಮುಂದಿನ ಪುಸ್ತಕಗಳಲ್ಲಿ ಅಡಿಟಿಪ್ಪಣಿಗೆ ಇಳಿಯಬಹುದು. ಆದರೆ ಜಾನ್‌ಬೌಮೈಟ್-ಎಂ ಎಲ್ಲಿ ದೊರೆಯಿತೆಂದು ಯಾರು ಕೇಳಿದರೂ, ಉತ್ತರದಲ್ಲಿ ಬರುವ ಊರು ಸೀತಾಪಾರವೇ.